ಸಹಿ ಯಾರ ಕೈಯಲ್ಲಿದೆ

ನನ್ನ ಗೆಳತಿ ಅಮೆರಿಕದ ಹುಡುಗನನ್ನು ಮದುವೆಯಾದ ದಿನ ಅವಳ ದೊಡ್ಡಮ್ಮ ಅವಳ ಕೈ ಹಿಡಿದುಕೊಂಡು, "ಹಂಗಾದ್ರೆ ಇನ್ಮೇಲೆ ನೀನು ಆ ದೇಶದವಳೇ ಆದೆ ಅಲ್ವಾ?" ಎಂದು ಕೇಳಿದರು. ಸುತ್ತ ಇದ್ದ ಹುಡುಗರು ನಕ್ಕರು. "ಅಷ್ಟು ಸುಲಭ ಅಲ್ಲ ದೊಡ್ಡಮ್ಮ, ಅದಕ್ಕೆ ವರ್ಷಗಟ್ಟಲೆ ಕಾಯಬೇಕು" ಅಂತ ಯಾರೋ ಹೇಳಿದರು. ದೊಡ್ಡಮ್ಮ ಸುಮ್ಮನಾದರು. ನನಗೆ ಮಾತ್ರ ಆ ಪ್ರಶ್ನೆ ಕಾಡುತ್ತಲೇ ಇತ್ತು. ಮದುವೆಯಾದರೆ ಹೆಣ್ಣು ಗಂಡನ ದೇಶದವಳಾಗುತ್ತಾಳೆ ಎನ್ನುವ ನಂಬಿಕೆ ಅವರಿಗೆ ಸುಮ್ನೆ ಬಂದದ್ದಲ್ಲ. ನೂರು ವರ್ಷಕ್ಕೂ ಜಾಸ್ತಿ ಕಾಲ ದೊಡ್ಡ ದೊಡ್ಡ ದೇಶಗಳ ಕಾನೂನು ಹೇಳುತ್ತಿದ್ದದ್ದೂ ಇದನ್ನೇ. ಆ ಕಾನೂನು ಈಗ ಹೋಗಿದೆ. ಆದರೆ ಅದರ ಹಿಂದಿದ್ದ ಯೋಚನೆ ಪೂರ್ತಿ ಹೋಗಿದೆಯಾ? ಗೆಳತಿಯ ಮುಂದಿನ ಕೆಲವು ವರ್ಷಗಳನ್ನು ಹತ್ತಿರದಿಂದ ನೋಡಿದ ಮೇಲೆ, ಇಲ್ಲ ಅಂತ ಅನ್ನಿಸಿದೆ.

ಬೇರೆ ಬೇರೆ ಪಾಸ್‌ಪೋರ್ಟ್ ಇರುವ ಇಬ್ಬರು ಮದುವೆಯಾದರೆ ಕೆಲವು ಪ್ರಶ್ನೆಗಳು ಮನೆಯೊಳಗೇ ಬಂದು ಕೂರುತ್ತವೆ. ಇಬ್ಬರೂ ಎಲ್ಲಿ ಇರಬಹುದು, ಯಾರು ದುಡಿಯಬಹುದು, ಮಗು ಯಾವ ದೇಶದ್ದು, ಸಂಬಂಧ ಮುರಿದುಬಿದ್ದರೆ ದೇಶ ಬಿಡಬೇಕಾದವರು ಯಾರು. ಒಂದೇ ದೇಶದ ಗಂಡ ಹೆಂಡತಿ ಇವನ್ನು ಕೇಳಿಕೊಳ್ಳುವ ಪ್ರಮೇಯವೇ ಬರುವುದಿಲ್ಲ.

ಗಂಡನ ಹಿಂದೆ ಹೋದ ಪೌರತ್ವ

1804ರಲ್ಲಿ ನೆಪೋಲಿಯನ್ ಕಾಲದ ಫ್ರೆಂಚ್ ಸಿವಿಲ್ ಸಂಹಿತೆ ಬಂತು. ಪರದೇಶದವನನ್ನು ಮದುವೆಯಾದ ಫ್ರೆಂಚ್ ಹೆಣ್ಣು ಗಂಡನ ಸ್ಥಿತಿಯನ್ನೇ ಪಡೆಯುತ್ತಾಳೆ ಎಂದು ಅದು ಹೇಳಿತು. ಈ ಮಾದರಿ ಯುರೋಪಿನಲ್ಲೆಲ್ಲ ಹರಡಿತು. ಬ್ರಿಟನ್ 1844ರಲ್ಲಿ ಬ್ರಿಟಿಷ್ ಗಂಡಸರ ವಿದೇಶಿ ಹೆಂಡತಿಯರನ್ನು ತನ್ನವರೆಂದು ಒಪ್ಪಿಕೊಂಡಿತು. 1870ರಲ್ಲಿ ವಿದೇಶಿಯರನ್ನು ಮದುವೆಯಾದ ತನ್ನ ಹೆಣ್ಣುಮಕ್ಕಳನ್ನು ಹೊರಗೆ ಹಾಕಿತು. ಅಮೆರಿಕ ಇದೇ ಎರಡು ಹೆಜ್ಜೆಗಳನ್ನು 1855 ಮತ್ತು 1907ರಲ್ಲಿ ಇಟ್ಟಿತು. ಒಂದು ಮನೆಗೆ ಒಂದೇ ದೇಶ ಇರಬೇಕು, ಆ ದೇಶ ಗಂಡನದಾಗಿರಬೇಕು, ಅಷ್ಟೇ ಇದರ ತರ್ಕ. ವಿದೇಶಿ ಹೆಣ್ಣನ್ನು ಮದುವೆಯಾದ ಗಂಡಸು ಮಾತ್ರ ಏನನ್ನೂ ಕಳೆದುಕೊಳ್ಳುತ್ತಿರಲಿಲ್ಲ.

ಎಥೆಲ್ ಮೆಕೆಂಜಿ ಕ್ಯಾಲಿಫೋರ್ನಿಯಾದಲ್ಲೇ ಹುಟ್ಟಿದವರು. 1909ರಲ್ಲಿ ಗಾರ್ಡನ್ ಮೆಕೆಂಜಿ ಎಂಬ ಬ್ರಿಟಿಷ್ ಗಾಯಕನನ್ನು ಮದುವೆಯಾಗಿ ಅಲ್ಲೇ ಸಂಸಾರ ಹೂಡಿದರು. 1911ರಲ್ಲಿ ಕ್ಯಾಲಿಫೋರ್ನಿಯಾದ ಹೆಣ್ಣುಮಕ್ಕಳಿಗೆ ಮತದಾನದ ಹಕ್ಕು ಸಿಕ್ಕಿತು. ಅದಕ್ಕಾಗಿ ದುಡಿದವರಲ್ಲಿ ಅವರೂ ಒಬ್ಬರು. 1913ರಲ್ಲಿ ಮತದಾರರ ಪಟ್ಟಿಗೆ ಹೆಸರು ಸೇರಿಸಲು ಹೋದಾಗ, ನೀವೀಗ ಅಮೆರಿಕದವರಲ್ಲ ಎಂದು ಅಧಿಕಾರಿಗಳು ಹೇಳಿದರು. ಒಂದು ದಿನವೂ ದೇಶ ಬಿಟ್ಟು ನೆಲೆಸಿದವರಲ್ಲ, ಬೇರೆ ದೇಶ ಬೇಕು ಅಂತ ಕೇಳಿದವರೂ ಅಲ್ಲ. ಕೇಸು ಸುಪ್ರೀಂ ಕೋರ್ಟ್ ತನಕ ಹೋಯಿತು. 1915ರಲ್ಲಿ ತೀರ್ಪು ಅವರ ವಿರುದ್ಧ ಬಂತು. ಪರಿಣಾಮ ಗೊತ್ತಿದ್ದೇ ಸ್ವಂತ ಇಚ್ಛೆಯಿಂದ ಮದುವೆಯಾಗಿದ್ದಾರೆ, ಹಾಗಾಗಿ ಪೌರತ್ವ ಬಿಟ್ಟುಕೊಟ್ಟ ಹಾಗೇ ಎಂಬುದು ನ್ಯಾಯಾಲಯದ ವಾದ. ಇದನ್ನು ಓದಿದಾಗಲೆಲ್ಲ ನನಗೆ ಸಿಟ್ಟು ಬರುತ್ತದೆ. ಮದುವೆಗೆ ಒಪ್ಪಿದ್ದನ್ನೇ ದೇಶ ಬಿಡಲು ಒಪ್ಪಿದ್ದು ಅಂತ ಓದಿಕೊಳ್ಳುವುದು ಯಾವ ನ್ಯಾಯ?

1922ರ ಕೇಬಲ್ ಕಾಯ್ದೆ ಇದನ್ನು ಸರಿಪಡಿಸಿತು ಅಂತ ಸಾಮಾನ್ಯವಾಗಿ ಹೇಳುತ್ತಾರೆ. ಸರಿಪಡಿಸಿದ್ದು ಅರ್ಧ ಮಾತ್ರ. ಅಮೆರಿಕದ ಪೌರತ್ವ ಪಡೆಯಲು ಅರ್ಹರಲ್ಲದವರನ್ನು ಮದುವೆಯಾದ ಹೆಣ್ಣು ಆಮೇಲೂ ಪೌರತ್ವ ಕಳೆದುಕೊಳ್ಳುತ್ತಿದ್ದಳು. ಅರ್ಹರಲ್ಲದವರು ಅಂದರೆ ಏಷ್ಯಾದವರು. 1923ರಲ್ಲಿ, ಅಮೆರಿಕದ ಪೌರತ್ವ ಕೇಳಿದ್ದ ಭಗತ್ ಸಿಂಗ್ ಥಿಂಡ್ ಎಂಬ ಭಾರತೀಯನ ಪ್ರಕರಣದಲ್ಲಿ ಅಲ್ಲಿನ ಸುಪ್ರೀಂ ಕೋರ್ಟ್ ಭಾರತೀಯರನ್ನೂ ಆ ಸಾಲಿಗೆ ಸೇರಿಸಿತು. ಆ ಹೊಡೆತ ನೇರವಾಗಿ ಬಿದ್ದವರಲ್ಲಿ ಮೇರಿ ದಾಸ್ ಒಬ್ಬರು. ಅವರು ಭಾರತದ ಸ್ವಾತಂತ್ರ್ಯಕ್ಕಾಗಿ ಅಮೆರಿಕದಲ್ಲಿದ್ದು ಹೋರಾಡಿದ ತಾರಕನಾಥ ದಾಸ್ ಅವರ ಹೆಂಡತಿ, ಹುಟ್ಟಿನಿಂದ ಅಮೆರಿಕದವರು. ಗಂಡ ಭಾರತೀಯನಾದ್ದರಿಂದ ಹೆಂಡತಿಯೂ ಅಮೆರಿಕದವಳಲ್ಲ ಎಂದು ಅಲ್ಲಿನ ಸರ್ಕಾರ ಹೇಳಿತು. ಈ ನಿಯಮ ಕೊನೆಗೆ ಹೋದದ್ದು 1931ರ ತಿದ್ದುಪಡಿಯಲ್ಲಿ.

ಬ್ರಿಟನ್ ತನ್ನ ಕಾನೂನನ್ನು 1948ರಲ್ಲಿ ಬದಲಿಸಿತು, ಸ್ವಿಟ್ಜರ್ಲೆಂಡ್ ಇನ್ನೂ ತಡವಾಗಿ 1952ರಲ್ಲಿ. ಮದುವೆಯಾದ ಹೆಣ್ಣಿನ ಪೌರತ್ವ ಮದುವೆಯಿಂದಾಗಲಿ, ವಿಚ್ಛೇದನದಿಂದಾಗಲಿ ತಾನಾಗೇ ಬದಲಾಗಬಾರದು ಎಂಬ ವಿಶ್ವಸಂಸ್ಥೆಯ ಒಪ್ಪಂದ ಬಂದದ್ದು 1957ರಲ್ಲಿ. ನನ್ನ ಗೆಳತಿಯ ದೊಡ್ಡಮ್ಮನ ತಲೆಮಾರಿನವರು ಅಷ್ಟರಲ್ಲಿ ಹುಟ್ಟಿಯಾಗಿತ್ತು.

ಮಗು ಯಾರದು

ಹೆಣ್ಣಿನ ಪೌರತ್ವ ಉಳಿದರೂ ಅದನ್ನು ಮಗುವಿಗೆ ಕೊಡುವ ಹಕ್ಕು ಹಲವು ಕಡೆ ತುಂಬಾ ತಡವಾಗಿ ಬಂತು. ಬೋಟ್ಸ್‌ವಾನಾದ ಯೂನಿಟಿ ಡೌ ಅವರ ಕತೆಯನ್ನು ನಾನು ತುಂಬಾ ಜನಕ್ಕೆ ಹೇಳಿದ್ದೇನೆ. ಅವರು ವಕೀಲೆ, ಗಂಡ ಅಮೆರಿಕದವರು. ಮೊದಲ ಮಗಳು ಮದುವೆಗೆ ಮುಂಚೆ ಹುಟ್ಟಿದವಳು, ಹಾಗಾಗಿ ಅಮ್ಮನ ಪೌರತ್ವ ಅವಳಿಗೆ ಬಂತು. ಮದುವೆಯಾದ ಮೇಲೆ ಹುಟ್ಟಿದ ಇಬ್ಬರಿಗೆ ಬರಲಿಲ್ಲ. 1984ರ ಕಾಯ್ದೆಯ ಪ್ರಕಾರ, ಮದುವೆಯಾದ ಹೆಣ್ಣಿನ ಮಕ್ಕಳು ಅಪ್ಪನ ದೇಶದವರು. ಒಂದೇ ತಾಯಿ, ಒಂದೇ ಮನೆ, ಅದೇ ನೆಲದಲ್ಲಿ ಬೆಳೆಯುತ್ತಿರುವ ಮಕ್ಕಳು. ಅವರಲ್ಲಿ ಒಬ್ಬಳು ಮನೆಯ ಮಗಳು, ಉಳಿದವರು ವಿದೇಶಿಯರು! ಆಕೆ ಸ್ವಂತ ಸರ್ಕಾರದ ಮೇಲೆ ಕೇಸು ಹಾಕಿ 1991ರಲ್ಲಿ ಹೈಕೋರ್ಟಿನಲ್ಲಿ, 1992ರಲ್ಲಿ ಮೇಲ್ಮನವಿ ನ್ಯಾಯಾಲಯದಲ್ಲಿ ಗೆದ್ದರು. ಆಮೇಲೆ ಅದೇ ದೇಶದ ಹೈಕೋರ್ಟಿನ ಮೊದಲ ಮಹಿಳಾ ನ್ಯಾಯಮೂರ್ತಿಯೂ ಆದರು.

ಇದು ದೂರದ ಆಫ್ರಿಕಾದ ಕತೆ ಅಂತ ನಾವು ಹಗುರಾಗಿ ಕೂರುವ ಹಾಗಿಲ್ಲ. ಭಾರತದ ಹೊರಗೆ ಹುಟ್ಟಿದ ಮಗುವಿಗೆ ತಾಯಿಯ ಮೂಲಕ ಭಾರತದ ಪೌರತ್ವ ಸಿಗುವಂತೆ ಆದದ್ದೂ 1992ರ ಡಿಸೆಂಬರಿನಲ್ಲೇ. ಅದಕ್ಕೂ ಮುಂಚೆ ಪರದೇಶದಲ್ಲಿ ಹೆತ್ತ ಭಾರತೀಯ ತಾಯಿಯ ಪೌರತ್ವ ಲೆಕ್ಕಕ್ಕೇ ಬರುತ್ತಿರಲಿಲ್ಲ, ಅಪ್ಪ ಭಾರತೀಯನಾಗಿರಬೇಕಿತ್ತು. ಇವತ್ತಿಗೂ ಇಪ್ಪತ್ತಕ್ಕೂ ಹೆಚ್ಚು ದೇಶಗಳಲ್ಲಿ ಅಪ್ಪನಿಗಿರುವಷ್ಟೇ ಹಕ್ಕು ಈ ವಿಷಯದಲ್ಲಿ ಅಮ್ಮನಿಗಿಲ್ಲ. ನೇಪಾಳದಲ್ಲಿ ನೇಪಾಳಿ ಗಂಡಸಿನ ವಿದೇಶಿ ಹೆಂಡತಿಗೆ ಪೌರತ್ವದ ದಾರಿಯನ್ನು 2015ರ ಸಂವಿಧಾನವೇ ತೋರಿಸುತ್ತದೆ. ನೇಪಾಳಿ ಹೆಣ್ಣಿನ ವಿದೇಶಿ ಗಂಡನಿಗೆ ಅಂಥ ದಾರಿ ಅದರಲ್ಲಿಲ್ಲ.

ಎರಡು ವರ್ಷದ ಕಾರ್ಡ್

ಮದುವೆಯಾಗಿ ಹೋದ ಗೆಳತಿಗೆ ಮೊದಲು ಸಿಕ್ಕಿದ್ದು ಎರಡೇ ವರ್ಷದ ಗ್ರೀನ್ ಕಾರ್ಡ್. ಕಾರ್ಡ್ ಸಿಗುವ ಹೊತ್ತಿಗೆ ಮದುವೆಯಾಗಿ ಎರಡು ವರ್ಷ ಆಗಿರದಿದ್ದರೆ ಅಮೆರಿಕ ಕೊಡುವುದು ಇಂಥ ಷರತ್ತಿನ ಕಾರ್ಡನ್ನೇ. ಸುಳ್ಳು ಮದುವೆಗಳನ್ನು ತಡೆಯಲು 1986ರಲ್ಲಿ ತಂದ ನಿಯಮ ಅದು. ಅವಧಿ ಮುಗಿಯುವ ಮುಂಚಿನ 90 ದಿನಗಳೊಳಗೆ ಗಂಡ ಹೆಂಡತಿ ಇಬ್ಬರೂ ಸಹಿ ಹಾಕಿ ಅರ್ಜಿ ಕೊಡಬೇಕು. ಮದುವೆ ನಿಜ ಅನ್ನುವುದಕ್ಕೆ ದಾಖಲೆ ಜೋಡಿಸಬೇಕು.

ಆ ಅರ್ಜಿ ತಯಾರಾಗುತ್ತಿದ್ದ ಸಮಯದಲ್ಲಿ ನಾನು ಅವರ ಮನೆಯಲ್ಲಿದ್ದೆ. ಅವಳು ನೆಲದ ಮೇಲೆ ಕಾಗದಗಳನ್ನು ಹರಡಿಕೊಂಡು ಕೂತಿದ್ದಳು. ಇಬ್ಬರ ಹೆಸರಿರುವ ಬಾಡಿಗೆ ಕರಾರು, ಜಂಟಿ ಬ್ಯಾಂಕ್ ಖಾತೆಯ ವಿವರ, ವಿಮೆಯ ಕಾಗದ, ಪ್ರವಾಸದ ಟಿಕೆಟ್. ಫೋಟೋಗಳನ್ನು ತಿಂಗಳ ಪ್ರಕಾರ ಜೋಡಿಸುತ್ತಿದ್ದಳು. ನಡುವೆ ಒಂದು ಚಳಿಗಾಲದಲ್ಲಿ ಕೆಲವು ತಿಂಗಳು ಒಂದೂ ಫೋಟೋ ಇರಲಿಲ್ಲ. ಆಗ ಅವಳ ಅಪ್ಪ ತೀರಿಕೊಂಡಿದ್ದರು, ಇಬ್ಬರಿಗೂ ಫೋಟೋ ತೆಗೆದುಕೊಳ್ಳುವ ಮನಸ್ಸೇ ಇರಲಿಲ್ಲ. "ಆ ತಿಂಗಳುಗಳಲ್ಲೇ ಅವನು ನನ್ನನ್ನ ಜಾಸ್ತಿ ನೋಡಿಕೊಂಡಿದ್ದು. ಅದಕ್ಕೇ ಪುರಾವೆ ಇಲ್ಲ ನೋಡು" ಅಂದಳು. ಗಂಡ ಪಕ್ಕದಲ್ಲೇ ಕೂತು ಫಾರಂ ತುಂಬುತ್ತಿದ್ದ. ಅವನು ಒಳ್ಳೆಯ ಮನುಷ್ಯ. ಕೇಳಿದಲ್ಲೆಲ್ಲ ಸಹಿ ಹಾಕಿದ.

ರಾತ್ರಿ ಅವನು ಮಲಗಿದ ಮೇಲೆ ಅವಳು ಹೇಳಿದ ಮಾತು ನನಗಿನ್ನೂ ನೆನಪಿದೆ. "ಇವನು ಒಳ್ಳೆಯವನು, ನಿಜ. ಆದರೆ ನಾನು ಇಲ್ಲಿ ಇರೋದಕ್ಕೆ ಇವನು ಒಳ್ಳೆಯವನಾಗಿ ಇರಲೇಬೇಕು ಅಂತಾಗಿದೆಯಲ್ಲ, ಅದು ನಂಗೆ ಇಷ್ಟ ಇಲ್ಲ. ಜಗಳ ಆಡುವಾಗಲೂ ಲೆಕ್ಕ ಹಾಕ್ತೀನಿ, ಇವತ್ತು ಎಷ್ಟು ಜಗಳ ಆಡಬಹುದು ಅಂತ." ಅವನು ಒಂದು ಸಲವೂ ಹೆದರಿಸಿದವನಲ್ಲ. ಸಹಿಯ ಮಾತು ಎತ್ತಿದವನೂ ಅಲ್ಲ. ಆದರೂ ಆ ಲೆಕ್ಕಾಚಾರ ಅವಳ ತಲೆಯಲ್ಲಿ ನಡೆಯುತ್ತಿತ್ತು.

ಸರ್ಕಾರಕ್ಕೆ ಇರುವ ಅನುಮಾನ ಸುಳ್ಳಲ್ಲ. ದುಡ್ಡು ಪಡೆದು ಕಾಗದದ ಮದುವೆ ಮಾಡಿಕೊಳ್ಳುವವರು ಇದ್ದಾರೆ, ಅದನ್ನೇ ದಂಧೆ ಮಾಡಿಕೊಂಡವರೂ ಇದ್ದಾರೆ. ಹಾಗಾಗಿ ವಿಚಾರಣೆಯೇ ಬೇಡ ಅಂತ ನಾನು ಹೇಳುವುದಿಲ್ಲ. ನನ್ನ ತಕರಾರು ಬೇರೆ. ಅನುಮಾನ ಇರುವುದು ಇಬ್ಬರ ಮೇಲೂ, ಆದರೆ ಅದರ ಭಾರ ಬೀಳುವುದು ಒಬ್ಬರ ಮೇಲೆ. ಪೌರತ್ವ ಇರುವವನಿಗೆ ಎರಡು ವರ್ಷದ ನಂತರ ಏನೂ ಆಗುವುದಿಲ್ಲ. ಕಳೆದುಕೊಳ್ಳುವವಳು ವಿದೇಶಿ ಹೆಂಡತಿ, ಅಥವಾ ವಿದೇಶಿ ಗಂಡ. ಸರ್ಕಾರ ತಾನು ಮಾಡಬೇಕಾದ ಕಾವಲಿನ ಕೆಲಸವನ್ನು ದಂಪತಿಗಳಲ್ಲಿ ಒಬ್ಬರ ಕೈಗೆ ಕೊಟ್ಟುಬಿಡುತ್ತದೆ. ಆ ಒಬ್ಬರು ಕೆಟ್ಟವರಾಗಿದ್ದರೆ ಏನಾಗುತ್ತದೆ ಅಂತ ಹೇಳಬೇಕಾಗಿಲ್ಲ. "ನಾನು ಸಹಿ ಹಾಕಲ್ಲ, ಏನ್ ಮಾಡ್ತೀಯ?" ಅನ್ನುವ ಒಂದು ಮಾತು ಸಾಕು.

ಹಾಗೆ ಹೆದರಿಸಿಕೊಂಡ ಇನ್ನೊಬ್ಬ ಹೆಣ್ಣುಮಗಳು ನನಗೆ ಪರಿಚಯ. ಜಂಟಿ ಸಹಿ ಇಲ್ಲದೆಯೂ ಅರ್ಜಿ ಹಾಕಬಹುದು ಎನ್ನುವುದು ಅವಳಿಗೆ ಗೊತ್ತೇ ಇರಲಿಲ್ಲ. ಮನಸ್ಸಿಟ್ಟು ಮಾಡಿಕೊಂಡ ಮದುವೆ ವಿಚ್ಛೇದನದಲ್ಲಿ ಮುಗಿದಿದ್ದರೆ, ಮನೆಯಲ್ಲಿ ಹಿಂಸೆ ನಡೆದಿದ್ದರೆ, ಒಬ್ಬರೇ ಅರ್ಜಿ ಹಾಕಲು ಅಮೆರಿಕದ ಕಾನೂನಿನಲ್ಲಿ ಅವಕಾಶ ಇದೆ. ಹಿಂಸೆಗೆ ಒಳಗಾದವರು ಗಂಡನ ನೆರವಿಲ್ಲದೆ ಗ್ರೀನ್ ಕಾರ್ಡಿಗಾಗಿ ಸ್ವತಃ ಮನವಿ ಸಲ್ಲಿಸುವ ದಾರಿಯನ್ನು 1994ರ ಕಾಯ್ದೆ ತೆರೆಯಿತು. ಆದರೆ ಆ ದಾರಿ ಇದೆ ಅಂತ ಅವಳಿಗೆ ಹೇಳಬೇಕಾದವರು ಯಾರು? ಮನೆಗೆ ಬರುವ ಪತ್ರಗಳನ್ನೆಲ್ಲ ಒಡೆದು ಓದುತ್ತಿದ್ದವನು ಗಂಡ.

ಸಮಾನತೆ ಬಂದದ್ದು ಹೀಗೆ

ಬ್ರಿಟನ್ನಿನಲ್ಲಿ ಕಾನೂನುಬದ್ಧವಾಗಿ ನೆಲೆಸಿದ್ದ ಮೂವರು ಹೆಂಗಸರು, ಅಬ್ದುಲ್ ಅಜೀಜ್, ಕಬಾಲೆಸ್, ಬಲ್ಕಂಡಾಲಿ, ತಮ್ಮ ಗಂಡಂದಿರಿಗೆ ಜೊತೆಗಿರಲು ಅನುಮತಿ ಸಿಗದಿದ್ದಾಗ ಯುರೋಪಿನ ಮಾನವ ಹಕ್ಕುಗಳ ನ್ಯಾಯಾಲಯಕ್ಕೆ ಹೋದರು. ಅಲ್ಲಿ ನೆಲೆಸಿದ ಗಂಡಸರು ಹೆಂಡತಿಯರನ್ನು ಕರೆಸಿಕೊಳ್ಳುವುದು ಸುಲಭವಿತ್ತು, ಹೆಂಗಸರು ಗಂಡಂದಿರನ್ನು ಕರೆಸಿಕೊಳ್ಳುವುದು ಕಷ್ಟವಿತ್ತು. ಇದು ಲಿಂಗ ತಾರತಮ್ಯ ಎಂದು 1985ರಲ್ಲಿ ತೀರ್ಪು ಬಂತು. ಗೆದ್ದರು ಅಂತಲೇ ಅಂದುಕೊಳ್ಳುತ್ತೇವೆ ಅಲ್ವಾ? ಬ್ರಿಟಿಷ್ ಸರ್ಕಾರ ಗಂಡಂದಿರ ದಾರಿ ಸುಲಭ ಮಾಡಲಿಲ್ಲ. ಹೆಂಡತಿಯರ ದಾರಿಯನ್ನೂ ಅಷ್ಟೇ ಕಷ್ಟ ಮಾಡಿತು. ತಾರತಮ್ಯ ಹೋಯಿತು, ಕಷ್ಟ ಎಲ್ಲರಿಗೂ ಸಮನಾಗಿ ಹಂಚಿಕೆಯಾಯಿತು.

ಭಾರತದಲ್ಲೂ ಇದರ ನೆರಳು ಕಾಣುತ್ತದೆ. 1955ರ ಪೌರತ್ವ ಕಾಯ್ದೆ ಭಾರತೀಯರನ್ನು ಮದುವೆಯಾದ ಹೆಂಗಸರಿಗೆ ಮಾತ್ರ ನೋಂದಣಿಯ ದಾರಿ ಇಟ್ಟಿತ್ತು. ಭಾರತೀಯ ಹೆಣ್ಣನ್ನು ಮದುವೆಯಾದ ವಿದೇಶಿ ಗಂಡಸಿನ ಹೆಸರೇ ಅಲ್ಲಿರಲಿಲ್ಲ. 1986ರ ತಿದ್ದುಪಡಿ ಗಂಡಸರನ್ನೂ ಸೇರಿಸಿತು. ಜೊತೆಗೆ ಐದು ವರ್ಷ ಇಲ್ಲಿ ವಾಸವಿರಬೇಕು ಎಂಬ ನಿಯಮವನ್ನೂ ಸೇರಿಸಿತು. 2003ರ ತಿದ್ದುಪಡಿಯಲ್ಲಿ ಅದು ಏಳು ವರ್ಷವಾಯಿತು. ಹಳೆಯ ನಿಯಮದಲ್ಲಿ ಹಿಂದೆ ಮದುವೆಯಾಗಿದ್ದವರಿಗೂ, ಅಂದರೆ ಸಂಗಾತಿ ತೀರಿಕೊಂಡವರಿಗೂ ವಿಚ್ಛೇದನ ಆದವರಿಗೂ ಜಾಗವಿತ್ತು. ಹೊಸದರಲ್ಲಿ ಆ ಜಾಗ ಇಲ್ಲ. ಅರ್ಜಿ ಹಾಕುವಾಗ ಮದುವೆ ಇರಬೇಕು. ಆರು ವರ್ಷ ಇಲ್ಲೇ ಬಾಳಿ, ಏಳನೆಯ ವರ್ಷ ಗಂಡ ತೀರಿಕೊಂಡರೆ ಆಕೆಗೆ ಈ ದಾರಿ ಮುಚ್ಚುತ್ತದೆ. ಇದನ್ನು ಯಾರೂ ಜಾಸ್ತಿ ಚರ್ಚಿಸಿದ್ದು ನಾನು ಕಂಡಿಲ್ಲ.

ಈಚೆಗೆ ಬಾಗಿಲಿನಲ್ಲಿ ನಿಂತಿರುವುದು ದುಡ್ಡು. ವಿದೇಶಿ ಸಂಗಾತಿಯನ್ನು ಕರೆಸಿಕೊಳ್ಳಲು ಬ್ರಿಟನ್ 2012ರಲ್ಲಿ ವರ್ಷಕ್ಕೆ 18,600 ಪೌಂಡ್ ಆದಾಯ ಇರಬೇಕು ಎಂದಿತು. 2024ರ ಏಪ್ರಿಲ್‌ನಲ್ಲಿ ಅದನ್ನು 29,000ಕ್ಕೆ ಏರಿಸಿತು. ಅಂದರೆ ಕಡಿಮೆ ಸಂಬಳದವನಿಗೆ ತನ್ನದೇ ದೇಶದಲ್ಲಿ ಹೆಂಡತಿ ಜೊತೆ ಇರುವುದಕ್ಕೆ ತಡೆ. ಡೆನ್ಮಾರ್ಕ್ 2002ರಲ್ಲಿ ವಯಸ್ಸನ್ನು ಹಿಡಿಯಿತು, ಇಬ್ಬರಿಗೂ 24 ತುಂಬಿರಬೇಕು ಎಂದಿತು. ಆಗ ಎಷ್ಟೋ ಡ್ಯಾನಿಶ್ ಯುವಕ ಯುವತಿಯರು ಸೇತುವೆಯ ಆಚೆ ಸ್ವೀಡನ್ನಿನ ಮಾಲ್ಮೊದಲ್ಲಿ ಮನೆ ಮಾಡಿದರು. ಅಮೆರಿಕದ ಸುಪ್ರೀಂ ಕೋರ್ಟ್ 2024ರಲ್ಲಿ ಸಾಂಡ್ರಾ ಮುನ್ಯೋಸ್ ಪ್ರಕರಣದಲ್ಲಿ ಇನ್ನೂ ಸ್ಪಷ್ಟವಾಗಿ ಮಾತಾಡಿತು. ಆಕೆ ಅಮೆರಿಕದ ಪ್ರಜೆ, ಗಂಡ ಎಲ್ ಸಾಲ್ವಡೋರಿನವನು. ಅವನಿಗೆ ಕ್ರಿಮಿನಲ್ ಗ್ಯಾಂಗಿನ ನಂಟಿದೆ ಎಂಬ ಅನುಮಾನದಿಂದ ವೀಸಾ ಸಿಗಲಿಲ್ಲ. ಆ ನಂಟನ್ನು ದಂಪತಿಗಳು ಅಲ್ಲಗಳೆದರು. ವಿದೇಶಿ ಸಂಗಾತಿಯನ್ನು ದೇಶದೊಳಗೆ ಬಿಡಿಸಿಕೊಳ್ಳುವುದು ಪ್ರಜೆಯ ಮೂಲಭೂತ ಹಕ್ಕಲ್ಲ ಎಂದು ನ್ಯಾಯಾಲಯ ಹೇಳಿತು. ಮದುವೆಯಾಗುವ ಹಕ್ಕು ಇದೆ, ಒಂದೇ ಸೂರಿನಡಿ ಬಾಳುವ ಖಾತರಿ ಇಲ್ಲ.

ಮುರಿದಾಗ

ಮದುವೆ ಚೆನ್ನಾಗಿರುವಷ್ಟು ದಿನ ಈ ಕಾನೂನುಗಳು ಹೇಗೋ ಸಹ್ಯ. ಮುರಿದಾಗಲೇ ಅವುಗಳ ನಿಜವಾದ ಆಕಾರ ಕಾಣುವುದು. ಸುರಿಂದರ್ ಸಿಂಗ್ ಎಂಬ ಭಾರತೀಯ 1982ರಲ್ಲಿ ಬ್ರಿಟಿಷ್ ಪ್ರಜೆಯನ್ನು ಮದುವೆಯಾದರು. ಇಬ್ಬರೂ ಜರ್ಮನಿಯಲ್ಲಿ ದುಡಿದು, ಬ್ರಿಟನ್ನಿಗೆ ಮರಳಿ ವ್ಯಾಪಾರ ಶುರುಮಾಡಿದರು. 1987ರಲ್ಲಿ ವಿಚ್ಛೇದನದ ಮೊದಲ ಆದೇಶ ಬಂತು. ಕೂಡಲೇ ಅವರ ವಾಸದ ಹಕ್ಕು ಅಲುಗಾಡಿತು, ಗಡೀಪಾರಿನ ಕ್ರಮವೂ ಶುರುವಾಯಿತು. ಯುರೋಪಿನ ಸಮುದಾಯದ ಇನ್ನೊಂದು ಸದಸ್ಯ ದೇಶದಲ್ಲಿ ದುಡಿದು ತಾಯ್ನಾಡಿಗೆ ಮರಳುವ ಪ್ರಜೆಯ ಸಂಗಾತಿಗೆ ಆ ಸಮುದಾಯದ ಕಾನೂನಿನ ರಕ್ಷಣೆ ಇದೆ ಎಂದು 1992ರಲ್ಲಿ ಯುರೋಪಿನ ನ್ಯಾಯಾಲಯ ಹೇಳಿತು. ಆಮೇಲೆ ಎಷ್ಟೋ ಕುಟುಂಬಗಳು ಹೀಗೆ ಇನ್ನೊಂದು ಸದಸ್ಯ ದೇಶದಲ್ಲಿ ದುಡಿದು ಮರಳುವ ದಾರಿ ಹಿಡಿದವು. ಬ್ರೆಕ್ಸಿಟ್ ಬಳಿಕ, ಅಂದರೆ ಬ್ರಿಟನ್ ಯುರೋಪಿನ ಒಕ್ಕೂಟ ಬಿಟ್ಟ ಮೇಲೆ, ಬ್ರಿಟನ್ನಿನ ಮಟ್ಟಿಗೆ ಆ ದಾರಿ ಮುಚ್ಚಿದೆ.

ನಮ್ಮಲ್ಲಿ ಒಸಿಐ ಕಾರ್ಡ್ (ಓವರ್‌ಸೀಸ್ ಸಿಟಿಜನ್ ಆಫ್ ಇಂಡಿಯಾ, ಅಂದರೆ ಸಾಗರೋತ್ತರ ಭಾರತೀಯ ಪ್ರಜೆ) ಇದೆ. ಭಾರತೀಯರನ್ನು ಮದುವೆಯಾದ ವಿದೇಶಿಯರಿಗೆ, ನೋಂದಣಿಯಾದ ಮದುವೆ ಎರಡು ವರ್ಷ ನಿರಂತರ ಉಳಿದಿದ್ದರೆ ಇದನ್ನು ಕೇಳಬಹುದು. ಪಾಕಿಸ್ತಾನ, ಬಾಂಗ್ಲಾದೇಶ ಮೂಲದವರಿಗೆ ಈ ಅವಕಾಶ ಇಲ್ಲ. ಕಾರ್ಡ್ ಇದ್ದರೆ ವೀಸಾದ ಚಿಂತೆಯಿಲ್ಲದೆ ಇಲ್ಲಿ ಬಾಳಬಹುದು, ಆದರೆ ಮತ ಹಾಕುವ ಹಾಗಿಲ್ಲ, ಕೃಷಿ ಭೂಮಿ ಕೊಳ್ಳುವ ಹಾಗಿಲ್ಲ. ನ್ಯಾಯಾಲಯ ವಿಚ್ಛೇದನ ಕೊಟ್ಟರೆ, ಮದುವೆಯ ಆಧಾರದ ಮೇಲೆ ಪಡೆದ ಈ ಕಾರ್ಡನ್ನು ಸರ್ಕಾರ ರದ್ದು ಮಾಡಬಹುದು. ಇಪ್ಪತ್ತು ವರ್ಷ ಇಲ್ಲಿ ಸಂಸಾರ ಮಾಡಿ, ಇಲ್ಲಿನ ಶಾಲೆಯಲ್ಲಿ ಓದುವ ಮಕ್ಕಳಿರುವ ತಾಯಿಗೂ ಇದೇ ನಿಯಮ. ಅವಳು ಬೇರೆ ವೀಸಾ ಕೇಳಬಹುದು. ಸಿಗುತ್ತದೋ ಇಲ್ಲವೋ ಎಂಬುದು ಅಧಿಕಾರಿಯ ಕೈಯಲ್ಲಿ.

ಇಲ್ಲಿ ನನ್ನ ನಿಲುವು ಗಟ್ಟಿ. ಮದುವೆಯನ್ನು ಬಾಗಿಲಲ್ಲಿ ಪರೀಕ್ಷಿಸಲಿ, ಒಂದು ಸಲ ಸರಿಯಾಗಿ ಪರೀಕ್ಷಿಸಲಿ. ಒಳಗೆ ಬಂದು ಕೆಲವು ವರ್ಷ ಬಾಳಿದ ಮೇಲೆ ಇರುವ ಹಕ್ಕು ಆ ಮನುಷ್ಯನ ಸ್ವಂತದ್ದಾಗಬೇಕು. ಸಂಗಾತಿ ತೀರಿಕೊಂಡರೂ, ಬಿಟ್ಟುಹೋದರೂ, ಸಹಿ ಹಾಕದಿದ್ದರೂ ಅದು ಉಳಿಯಬೇಕು. ಮಗುವಿದ್ದರೆ ಮಗುವಿನ ಅಗತ್ಯವನ್ನು ಮೊದಲು ನೋಡಬೇಕು. 1957ರಲ್ಲಿ ಪೌರತ್ವದ ಬಗ್ಗೆ ಜಗತ್ತು ಒಪ್ಪಿಕೊಂಡ ಮಾತನ್ನೇ ವಾಸದ ಹಕ್ಕಿಗೂ ಚಾಚಿ ಅಂತ ಕೇಳುತ್ತಿದ್ದೇನೆ, ಅಷ್ಟೇ.

ಕೇಳಿದವರಿಗೆ ಹೇಳುವುದು

ಕಾನೂನು ಬದಲಾಗುವ ತನಕ ಬದುಕಂತೂ ನಿಲ್ಲುವುದಿಲ್ಲ. ವಿದೇಶಿಯರನ್ನು ಮದುವೆಯಾಗಲು ಹೊರಟ ಹುಡುಗ ಹುಡುಗಿಯರು ಕೇಳಿದಾಗ ನಾನು ಕೆಲವು ಮಾತು ಹೇಳುತ್ತೇನೆ. ಎಲ್ಲಿ ಇರುತ್ತೀರಿ ಅಂತ ಮೊದಲು ತೀರ್ಮಾನ ಮಾಡಿ, ಯಾಕಂದರೆ ಯಾವ ದೇಶದ ನಿಯಮ ನಿಮಗೆ ತಗುಲುತ್ತದೆ ಅನ್ನುವುದು ಅದರ ಮೇಲೆ ನಿಂತಿದೆ. ನಿಮ್ಮ ಪಾಸ್‌ಪೋರ್ಟ್, ಮದುವೆಯ ಪ್ರಮಾಣಪತ್ರ, ಸಲ್ಲಿಸಿದ ಪ್ರತಿಯೊಂದು ಅರ್ಜಿಯ ನಕಲು ನಿಮ್ಮ ಕೈಯಲ್ಲೇ ಇರಲಿ. ಕಡತದ ಸಂಖ್ಯೆ ನಿಮಗೆ ಗೊತ್ತಿರಲಿ. ಪ್ರೀತಿ ಎಷ್ಟೇ ಇದ್ದರೂ ಕಾಗದಗಳನ್ನೆಲ್ಲ ಒಬ್ಬರೇ ನೋಡಿಕೊಳ್ಳುವುದು ಬೇಡ. ಸಂಗಾತಿಯ ಸಹಿ ಇಲ್ಲದೆ ಹಾಕಬಹುದಾದ ಅರ್ಜಿ ಯಾವುದು ಅಂತ ಎಲ್ಲ ಚೆನ್ನಾಗಿರುವಾಗಲೇ ಕೇಳಿ ತಿಳಿದುಕೊಳ್ಳಿ. ಬೇರೆ ದೇಶದ ಪೌರತ್ವ ನೀವಾಗಿ ತೆಗೆದುಕೊಂಡರೆ ಭಾರತದ ಪೌರತ್ವ ಹೋಗುತ್ತದೆ ಎನ್ನುವುದನ್ನು ಅಪ್ಪ ಅಮ್ಮನಿಗೂ ಮುಂಚೆಯೇ ಹೇಳಿಡಿ, ಎಷ್ಟೋ ಮನೆಗಳಲ್ಲಿ ಅದು ಆಮೇಲೆ ದೊಡ್ಡ ನೋವಾಗುತ್ತದೆ. ಇನ್ನು ಹೊರದೇಶದಲ್ಲಿ ಮಗು ಹುಟ್ಟಿ, ಅದಕ್ಕೆ ಭಾರತದ ಪೌರತ್ವ ಬೇಕು ಅಂತಿದ್ದರೆ, ಬೇರೆ ದೇಶದ ಪಾಸ್‌ಪೋರ್ಟ್ ಮಾಡಿಸುವ ಮುಂಚೆ ಯೋಚಿಸಿ. ಒಂದು ವರ್ಷದೊಳಗೆ ಅಲ್ಲಿನ ಭಾರತೀಯ ದೂತಾವಾಸದಲ್ಲಿ ಜನನ ನೋಂದಾಯಿಸಬೇಕು. ಮಗುವಿಗೆ ಬೇರೆ ಪಾಸ್‌ಪೋರ್ಟ್ ಇಲ್ಲ ಅಂತ ಅಪ್ಪ ಅಮ್ಮ ಬರೆದುಕೊಡಬೇಕು.